ಜೇಡ, ಟ್ಯುಲಿಪ್ ಮತ್ತು ಬಿರುಗಾಳಿ: 1943ರ ಒಂದು ಜಪಾನಿ ಕಾರ್ಟೂನಿನ ಕಥೆ

1943ರ ಏಪ್ರಿಲ್. ಜಪಾನ್ ಯುದ್ಧದಲ್ಲಿ ಕುತ್ತಿಗೆವರೆಗೆ ಮುಳುಗಿತ್ತು. ಫೆಬ್ರವರಿಯಲ್ಲಿ ಅದರ ಸೇನೆ ಗ್ವಾಡಲ್‌ಕೆನಾಲ್ ದ್ವೀಪ ಬಿಟ್ಟು ಬಂದಿತ್ತು. ಏಪ್ರಿಲ್ 18ರಂದು, ಪರ್ಲ್ ಹಾರ್ಬರ್ ದಾಳಿಯ ಯೋಜನೆ ಹಾಕಿದ ಅಡ್ಮಿರಲ್ ಇಸೊರೊಕು ಯಾಮಾಮೊಟೊ ಇದ್ದ ವಿಮಾನವನ್ನು ಅಮೆರಿಕನ್ನರು ಹೊಡೆದುರುಳಿಸಿದರು. ಅದೇ ತಿಂಗಳು ಜಪಾನಿನ ಚಿತ್ರಮಂದಿರಗಳಿಗೆ ಒಂದು ಪುಟ್ಟ ಕಪ್ಪು-ಬಿಳುಪು ಕಾರ್ಟೂನ್ ಬಂತು. ಹದಿನಾರು ನಿಮಿಷದ್ದು. ಅದರಲ್ಲಿ ಸೈನಿಕರಿಲ್ಲ, ಬಾವುಟವಿಲ್ಲ, ವಿಮಾನವಿಲ್ಲ. ಒಂದು ಗುಲಗಂಜಿ ಹುಳ, ಒಂದು ಜೇಡ, ಒಂದು ಟ್ಯುಲಿಪ್ ಹೂವು ಇವೆ, ಮತ್ತೆ ಜೋರು ಮಳೆಗಾಳಿ ಇದೆ.

ಚಿತ್ರದ ಹೆಸರು 'ಕುಮೊ ತೊ ಚೂರಿಪ್ಪು', ಅಂದರೆ 'ಜೇಡ ಮತ್ತು ಟ್ಯುಲಿಪ್'. ನಿರ್ದೇಶಕ ಕೆಂಜೊ ಮಾಸಾವೊಕಾ, ನಿರ್ಮಿಸಿದ್ದು ಶೋಚಿಕು ಎಂಬ ಸಿನಿಮಾ ಕಂಪನಿ. ಹಳೇ ಜಪಾನಿ ಅನಿಮೇಶನ್ ಬಗ್ಗೆ ಮಾತು ಬಂದಾಗಲೆಲ್ಲ ಈ ಹೆಸರು ಬಂದೇ ಬರುತ್ತದೆ. ಹಾಗಂತ ಇದನ್ನು 'ಮುದ್ದಾದ ಮಕ್ಕಳ ಚಿತ್ರ' ಎಂದು ಬದಿಗಿಡುವವರೂ ಇದ್ದಾರೆ, ಕರಿಯರನ್ನು ಅಣಕಿಸುವಂತಿರುವ ಜೇಡನ ಮುಖ ನೋಡಿ ಅಲ್ಲಿಗೇ ನಿಲ್ಲಿಸುವವರೂ ಇದ್ದಾರೆ. ನನಗೆ ಇದು ಗಾಳಿಯ ಚಿತ್ರ. ಚಲಿಸುವ ಗಾಳಿಯನ್ನು ಬಿಡಿಸುವ ತಾಕತ್ತು ಜಪಾನಿನ ಅನಿಮೇಶನ್‌ಗೆ ಎಲ್ಲಿಂದ ಬಂತು, ಅದಕ್ಕೆ ದುಡ್ಡು ಯಾರು ಕೊಟ್ಟರು, ಅದು ಯುದ್ಧದ ಮಧ್ಯೆ ಹೇಗೆ ನಡೆಯಿತು ಎಂದು ತಿಳಿದರೆ ಈ ಹದಿನಾರು ನಿಮಿಷ ಬೇರೆಯೇ ಆಗಿ ಕಾಣುತ್ತದೆ.

ಮೊದಲು ಕಥೆ. ಮಿಚಿಕೊ ಯೊಕೊಯಾಮಾ ಎಂಬ ಲೇಖಕಿಯ ಮಕ್ಕಳ ಕಥೆಯೇ ಇದರ ಮೂಲ. ಹೂಗಳ ನಡುವೆ ಪುಟ್ಟ ಹುಡುಗಿಯ ಮುಖದ ಒಂದು ಗುಲಗಂಜಿ ಹುಳ ಹಾಡಿಕೊಂಡು ಓಡಾಡುತ್ತಿರುತ್ತದೆ. ತಲೆಗೆ ಹುಲ್ಲಿನ ಹ್ಯಾಟು ಹಾಕಿ, ಬಾಯಲ್ಲಿ ಪೈಪು ಕಚ್ಚಿಕೊಂಡ ಜೇಡ ಅವಳನ್ನು ನೋಡುತ್ತಾನೆ. ತನ್ನ ಬಲೆಯನ್ನು ಉಯ್ಯಾಲೆ ಅಂತ ತೋರಿಸಿ, ಸವಿಮಾತಾಡಿ, ಹಾಡಿ ಕರೆಯುತ್ತಾನೆ. ಅವಳು ಹೆದರಿ ಓಡುತ್ತಾಳೆ. ಟ್ಯುಲಿಪ್ ಹೂವು ಅವಳನ್ನು ಒಳಗೆ ಬಿಟ್ಟುಕೊಂಡು ಎಸಳು ಮುಚ್ಚಿಕೊಳ್ಳುತ್ತದೆ. ಜೇಡ ಎಸಳು ಬಿಡಿಸಲು ನೋಡುತ್ತಾನೆ, ಆಗುವುದಿಲ್ಲ. ಆಮೇಲೆ ಅವನು ಮಾಡುವ ಕೆಲಸ ನಿಜಕ್ಕೂ ಭಯ ಹುಟ್ಟಿಸುತ್ತದೆ. ಹೂವಿನ ಸುತ್ತ ಸುತ್ತುತ್ತಾ, ನೂಲು ಬಿಡುತ್ತಾ, ಇಡೀ ಹೂವನ್ನೇ ಕಟ್ಟಿಹಾಕುತ್ತಾನೆ. ಅವಸರವೇ ಇಲ್ಲ. ಅವಳು ಒಳಗೇ ಇದ್ದಾಳೆ, ಎಲ್ಲಿಗೂ ಹೋಗಲಾರಳು ಎಂಬುದು ಅವನಿಗೆ ಗೊತ್ತು.

ಆಗ ಗಾಳಿ ಬೀಸಲು ಶುರುವಾಗುತ್ತದೆ.

ಚಿತ್ರದ ಎರಡನೇ ಅರ್ಧದ ಬಹುಪಾಲು ಈ ಬಿರುಗಾಳಿಯೇ. ಕಥೆ ಬಹುತೇಕ ನಿಂತುಬಿಡುತ್ತದೆ, ಮಾತು ನಿಲ್ಲುತ್ತದೆ, ಹುಲ್ಲು ಒಂದು ಕಡೆಗೆ ಬಾಗುತ್ತದೆ, ಮಳೆ ಓರೆಯಾಗಿ ಹೊಡೆಯುತ್ತದೆ. ಬಲೆ ಹರಿಯುತ್ತದೆ. ಇಷ್ಟು ಹೊತ್ತು ಠೀವಿಯಿಂದ ಓಡಾಡುತ್ತಿದ್ದ ಜೇಡ ಸಿಕ್ಕಿದ್ದಕ್ಕೆಲ್ಲ ಜೋತುಬೀಳುತ್ತಾನೆ, ಮತ್ತೆ ಮತ್ತೆ ಕೈಜಾರುತ್ತಾನೆ, ಕೊನೆಗೆ ಕೊಚ್ಚಿಹೋಗುತ್ತಾನೆ. ಬೆಳಗಾದಾಗ ಹೂವು ಅರಳುತ್ತದೆ, ಹುಡುಗಿ ಹೊರಬಂದು ಹಾಡುತ್ತಾಳೆ. ಕಥೆ ಅಂತ ಇರುವುದು ಇಷ್ಟೇ.

ಈಗ ಯೋಚಿಸಿ, ಗಾಳಿಯನ್ನು ಬಿಡಿಸುವುದು ಎಂದರೇನು? ಗಾಳಿ ಕಾಣುವುದಿಲ್ಲ. ಕಾಣುವುದು ಅದು ಅಲುಗಿಸುವ ವಸ್ತುಗಳು ಮಾತ್ರ. ಹುಲ್ಲು, ಎಲೆ, ನೂಲು, ನೀರು ಎಲ್ಲವೂ ಒಟ್ಟಿಗೆ, ಆದರೆ ತಮ್ಮ ತಮ್ಮ ಭಾರಕ್ಕೆ ತಕ್ಕ ಹಾಗೆ ಬೇರೆ ಬೇರೆ ರೀತಿ ಅಲುಗಬೇಕು. ಒಂದು ಪಾತ್ರ ಮಾತ್ರ ಅಲುಗಿ ಉಳಿದದ್ದೆಲ್ಲ ಸುಮ್ನೆ ನಿಂತಿದ್ದರೆ ಅದು ಬಿರುಗಾಳಿ ಅನ್ನಿಸುವುದಿಲ್ಲ. ಅನಿಮೇಶನ್‌ನಲ್ಲಿ ದುಡ್ಡು ಉಳಿಸುವ ಹಳೇ ಉಪಾಯವೇ ಹಿನ್ನೆಲೆಯನ್ನು ನಿಲ್ಲಿಸಿಬಿಡುವುದು. ಬಿರುಗಾಳಿಯಲ್ಲಿ ಆ ಉಪಾಯ ಕೆಲಸಕ್ಕೆ ಬರುವುದಿಲ್ಲ.

ಸ್ವಲ್ಪ ಲೆಕ್ಕ ಹಾಕೋಣ. ಸದ್ದಿರುವ ಸಿನಿಮಾ ಸೆಕೆಂಡಿಗೆ 24 ಫ್ರೇಮ್ (ಫಿಲ್ಮ್ ಮೇಲಿನ ಒಂದೊಂದು ನಿಶ್ಚಲ ಚಿತ್ರ) ಓಡುತ್ತದೆ. ಹದಿನಾರು ನಿಮಿಷಕ್ಕೆ ಸುಮಾರು 23,000 ಫ್ರೇಮ್ ಆಯಿತು. ಒಂದು ಚಿತ್ರವನ್ನು ಎರಡು ಫ್ರೇಮ್‌ಗೆ ಬಳಸಿದರೂ 11,000ಕ್ಕಿಂತ ಜಾಸ್ತಿ ಚಿತ್ರ ಬೇಕು. ಅದೂ ಒಂದೇ ಒಂದು ವಸ್ತು ಅಲುಗಿದರೆ. ಜೇಡಕ್ಕೆ ಒಂದು ಹಾಳೆ, ಹೂವಿಗೆ ಒಂದು, ಮಳೆಗೆ ಒಂದು ಅಂತ ಸೇರಿಸುತ್ತಾ ಹೋದರೆ ಲೆಕ್ಕ ಎಲ್ಲಿಗೋ ಹೋಗುತ್ತದೆ. ಮಳೆಗೆರೆಗಳ ಒಂದಷ್ಟು ಹಾಳೆಗಳನ್ನು ಮತ್ತೆ ಮತ್ತೆ ತಿರುಗಿಸಿ ಬಳಸಬಹುದು, ನಿಜ. ಆದರೆ ಗಾಳಿಯಲ್ಲಿ ಒದ್ದಾಡುವ ಜೇಡನನ್ನು ಹಾಗೆ ತಿರುಗಿಸಿದರೆ ನೋಡುವವರಿಗೆ ತಕ್ಷಣ ಗೊತ್ತಾಗಿಬಿಡುತ್ತದೆ.

ಇದನ್ನೆಲ್ಲ ಮಾಡಲು 'ಸೆಲ್' ಬೇಕಿತ್ತು. ಸೆಲ್ ಎಂದರೆ ಪಾರದರ್ಶಕ ಸೆಲ್ಯುಲಾಯ್ಡ್ ಹಾಳೆ. ಅದರ ಮೇಲೆ ಪಾತ್ರವನ್ನಷ್ಟೇ ಬಿಡಿಸಿ, ಬಣ್ಣ ತುಂಬಿ, ಹಿನ್ನೆಲೆಯ ಚಿತ್ರದ ಮೇಲಿಟ್ಟು, ಮೇಲಿನಿಂದ ಕ್ಯಾಮೆರಾದಲ್ಲಿ ಒಂದು ಫ್ರೇಮ್ ಹೊಡೆಯುತ್ತಾರೆ. ಆಮೇಲೆ ಆ ಹಾಳೆ ತೆಗೆದು ಮುಂದಿನದ್ದು. ಹಿನ್ನೆಲೆಯನ್ನು ಪ್ರತಿಸಲ ಹೊಸದಾಗಿ ಬಿಡಿಸಬೇಕಿಲ್ಲ. ಒಂದರ ಮೇಲೊಂದು ಹಲವು ಹಾಳೆ ಇಡಬಹುದು. ಅಮೆರಿಕದಲ್ಲಿ ಅರ್ಲ್ ಹರ್ಡ್ ಎಂಬುವರು 1914ರಲ್ಲೇ ಇದಕ್ಕೆ ಪೇಟೆಂಟ್ ಅರ್ಜಿ ಹಾಕಿದ್ದರು. ಆದರೆ ಜಪಾನಿನಲ್ಲಿ ಸೆಲ್ಯುಲಾಯ್ಡ್ ಹಾಳೆ ಬಹಳ ದಿನ ದುಬಾರಿಯಾಗಿಯೇ ಇತ್ತು, ಅಲ್ಲಿನ ಅನಿಮೇಶನ್ ಸ್ಟುಡಿಯೋಗಳೋ ನಾಲ್ಕಾರು ಜನ ಸೇರಿ ನಡೆಸುವ ಪುಟ್ಟ ಕಾರ್ಖಾನೆಗಳು.

ಹಾಗಾಗಿ ಅವರು ಬೇರೆ ದಾರಿ ಹುಡುಕಿಕೊಂಡರು. 1917ರಲ್ಲಿ ಒತೆನ್ ಶಿಮೊಕಾವಾ, ಸೆಯಿತಾರೊ ಕಿತಾಯಾಮಾ, ಜುನಿಚಿ ಕೋಉಚಿ ಎಂಬ ಮೂವರು ಜಪಾನಿನಲ್ಲಿ ಅನಿಮೇಶನ್ ಶುರುಮಾಡಿದಾಗ ಕಪ್ಪುಹಲಗೆ ಮೇಲೆ ಸೀಮೆಸುಣ್ಣದಲ್ಲಿ ಬಿಡಿಸಿ ಅಳಿಸುವುದರಿಂದ ಹಿಡಿದು ಕಾಗದ ಕತ್ತರಿಸಿ ಜೋಡಿಸುವವರೆಗೆ ಏನೇನೋ ಪ್ರಯತ್ನಗಳು ನಡೆದವು. ಆ ಕಾಲದ ಚಿತ್ರಗಳು ಬಹುತೇಕ ಉಳಿದಿಲ್ಲ. 1923ರ ಸೆಪ್ಟೆಂಬರ್ 1ರ ಕಾಂತೊ ಭೂಕಂಪದಲ್ಲಿ, ಅದರ ಬೆನ್ನಿಗೇ ಎದ್ದ ಬೆಂಕಿಯಲ್ಲಿ ಟೋಕಿಯೊ ಸುಟ್ಟುಹೋಯಿತು, ಜೊತೆಗೆ ಎಷ್ಟೋ ಫಿಲ್ಮ್‌ಗಳೂ ಹೋದವು. ಕೋಉಚಿಯವರ 1917ರ 'ನಾಮಾಕುರಾ ಗಾತಾನಾ' ಎಂಬ ಕೆಲವೇ ನಿಮಿಷದ ಚಿತ್ರ ಒಸಾಕಾದ ಹಳೇ ಸಾಮಾನಿನ ಸಂತೆಯೊಂದರಲ್ಲಿ ಸಿಕ್ಕಿತು ಅಂತ ಜಗತ್ತಿಗೆ ಗೊತ್ತಾಗಿದ್ದು 2008ರಲ್ಲಿ. ತೊಂಬತ್ತು ವರ್ಷ ಆದಮೇಲೆ!

1920ರ ದಶಕದಲ್ಲಿ ಕಾಗದ ಕತ್ತರಿಸಿ ಮಾಡುವ ವಿಧಾನವೇ ಅಲ್ಲಿ ಮುಖ್ಯವಾಯಿತು. ನಮ್ಮ ತೊಗಲುಗೊಂಬೆಯಲ್ಲಿ ಕೈಕಾಲು ಬೇರೆ ಬೇರೆ ತುಂಡು ಮಾಡಿ ಕೀಲು ಕೊಟ್ಟಿರುತ್ತಾರಲ್ಲ, ಹೆಚ್ಚುಕಡಿಮೆ ಅದೇ ರೀತಿ. ಕಾಗದದ ಗೊಂಬೆಯನ್ನು ಹಿನ್ನೆಲೆಯ ಮೇಲೆ ಮಲಗಿಸಿ, ಕೈಯನ್ನು ಕೂದಲೆಳೆಯಷ್ಟು ಸರಿಸಿ, ಒಂದು ಫ್ರೇಮ್ ಹೊಡೆದು, ಮತ್ತೆ ಸರಿಸುವುದು. ಯಾಸುಜಿ ಮುರಾತಾ ಇದರಲ್ಲಿ ಪಳಗಿದ ಕೈ. ಅವರ ಕೋತಿ, ಕರಡಿ, ಮೊಲ, ಉದ್ದ ಮೂಗಿನ 'ತೆಂಗು' ಎಂಬ ಕಾಡಿನ ಭೂತಗಳು ಎಷ್ಟು ಸಲೀಸಾಗಿ ಓಡಾಡುತ್ತವೆ ಎಂದರೆ ಇದು ಕಾಗದದ ತುಂಡು ಅಂತ ನೆನಪೇ ಆಗುವುದಿಲ್ಲ. ನೊಬುರೊ ಓಫುಜಿ ಎಂಬ ಇನ್ನೊಬ್ಬರು ಚಿಯೊಗಾಮಿ ಅನ್ನುವ ಚಿತ್ತಾರದ ಕಾಗದವನ್ನೇ ಬಳಸಿ, ಅದರ ಹೂಬಳ್ಳಿಗಳನ್ನೇ ಪಾತ್ರಗಳ ಬಟ್ಟೆ ಮಾಡಿದರು. ಇವೆಲ್ಲ ಕೈಗೆಟುಕುವ ಸಾಮಾನಿನಲ್ಲಿ ಮಾಡಿದ ದೊಡ್ಡ ಕೆಲಸಗಳು, ಸೆಲ್ ಬರುವವರೆಗಿನ ಕಾಲಹರಣ ಅಂತ ಇವನ್ನು ನೋಡಬೇಡಿ.

ಆದರೆ ಕಾಗದದ ಗೊಂಬೆ ಒಂದು ಕೆಲಸ ಮಾಡಲಾರದು. ಅದು ಮುದುಡಲಾರದು, ಉಬ್ಬಲಾರದು, ಒದ್ದೆಯಾಗಿ ಜೋಲಲಾರದು. ತಲೆ ತಿರುಗಿಸಬೇಕಾದರೆ ಬೇರೆ ತಲೆಯನ್ನೇ ತಂದಿಡಬೇಕು. ಗಾಳಿಗೆ ಸಿಕ್ಕ ಮೈ ಕ್ಷಣಕ್ಷಣಕ್ಕೂ ಆಕಾರ ಬದಲಿಸುತ್ತದೆ, ಅದನ್ನು ತೋರಿಸಲು ಪ್ರತಿ ಚಿತ್ರವನ್ನೂ ಹೊಸದಾಗಿ ಬಿಡಿಸಲೇಬೇಕು.

ಮಾಸಾವೊಕಾ ಇಲ್ಲಿ ಬರುತ್ತಾರೆ. 1898ರಲ್ಲಿ ಒಸಾಕಾದಲ್ಲಿ ಹುಟ್ಟಿದವರು, ಚಿತ್ರಕಲೆ ಕಲಿತವರು, ಕ್ಯೋತೊದ ಸಿನಿಮಾ ಕಂಪನಿಗಳಲ್ಲಿ ಕೆಲಸ ಮಾಡಿದವರು. ಅವರ ಮೊದಲ ಅನಿಮೇಶನ್ 1930ರ 'ಸಾರುಗಾಶಿಮಾ', ಕೋತಿಗಳ ದ್ವೀಪ ಸೇರುವ ಒಂದು ಮಗುವಿನ ಕಥೆ. 1933ರಲ್ಲಿ ಶೋಚಿಕುಗಾಗಿ ಜಪಾನಿನ ಮೊದಲ ಮಾತಿನ ಅನಿಮೇಶನ್ ಮಾಡಿದರು. 1935ರ 'ಚಾಗಾಮಾ ಒಂದೊ' ಚಿತ್ರದಲ್ಲಿ ಸೆಲ್ ಹಾಳೆಗಳನ್ನು ಪೂರ್ತಿಯಾಗಿ ಬಳಸಿದರು. ಅದು ದೇವಾಲಯದ ಗ್ರಾಮಫೋನ್ ಹಾಡಿಗೆ ಮರುಳಾಗುವ ತನುಕಿಗಳ ಕಥೆ. ತನುಕಿ ಎಂದರೆ ನಾಯಿ ಜಾತಿಯ ಒಂದು ಕಾಡುಪ್ರಾಣಿ, ಜಪಾನಿನ ಜನಪದ ಕಥೆಗಳಲ್ಲಿ ಅದು ಬೇಕಾದ ರೂಪಕ್ಕೆ ತಿರುಗುತ್ತದೆ. ರೂಪ ಬದಲಿಸುವ ಪ್ರಾಣಿಯ ಕಥೆಗೆ ರೂಪ ಬದಲಿಸಬಲ್ಲ ವಿಧಾನ ಸಿಕ್ಕಿತು ನೋಡಿ.

ಸೆಲ್ ಹಾಳೆಯ ಬಗ್ಗೆ ಇನ್ನೊಂದು ವಿಷಯ ಹೇಳಲೇಬೇಕು, ಯಾಕೆಂದರೆ ಯುದ್ಧದ ನೆರಳು ನೇರವಾಗಿ ಬೀಳುವುದು ಇಲ್ಲೇ. ಸೆಲ್ಯುಲಾಯ್ಡ್ ತಯಾರಾಗುವುದು ನೈಟ್ರೋಸೆಲ್ಯುಲೋಸ್ ಮತ್ತು ಕರ್ಪೂರ ಸೇರಿಸಿ. ಹೌದು, ನಾವು ಆರತಿಗೆ ಹಚ್ಚುವ ಅದೇ ಕರ್ಪೂರ. ಆಗ ಜಪಾನಿನ ವಸಾಹತಾಗಿದ್ದ ತೈವಾನ್ ಕರ್ಪೂರಕ್ಕೆ ಜಗತ್ತಿನಲ್ಲೇ ಹೆಸರುವಾಸಿ. ಇನ್ನು ನೈಟ್ರೋಸೆಲ್ಯುಲೋಸ್ ಬಂದೂಕಿನ ಮದ್ದಿಗೂ ಬೇಕಾಗುವ ವಸ್ತು. ಗುಂಡಿಗೂ ಕಾರ್ಟೂನಿಗೂ ಒಂದೇ ಕಚ್ಚಾವಸ್ತು ಎಂದ ಮೇಲೆ ಯುದ್ಧದ ಕಾಲದಲ್ಲಿ ಯಾರಿಗೆ ಜಾಸ್ತಿ ಸಿಗುತ್ತದೆ ಅಂತ ಬಿಡಿಸಿ ಹೇಳಬೇಕಿಲ್ಲ. ಅದಕ್ಕೇ ಆ ಕಾಲದ ಸ್ಟುಡಿಯೋಗಳಲ್ಲಿ ಬಳಸಿದ ಸೆಲ್ ಹಾಳೆಗಳನ್ನು ತೊಳೆಯುತ್ತಿದ್ದರು. ಫ್ರೇಮ್ ಹೊಡೆದಾದ ಮೇಲೆ ಬಣ್ಣ ತೊಳೆದು, ಒರೆಸಿ, ಒಣಗಿಸಿ, ಅದೇ ಹಾಳೆ ಮೇಲೆ ಮುಂದಿನ ಚಿತ್ರ. ತೊಳೆದಷ್ಟೂ ಗೀರು ಬೀಳುತ್ತವೆ, ಗೀರು ಪರದೆ ಮೇಲೆ ಕಾಣುತ್ತದೆ. ಆ ಕಾಲದ ಚಿತ್ರಗಳ ಮೂಲ ಸೆಲ್‌ಗಳು ಇವತ್ತು ಸಿಗುವುದು ಅಪರೂಪ ಆಗಿರುವುದಕ್ಕೆ ಇದೂ ಒಂದು ಕಾರಣ.

ಇಷ್ಟು ಕಷ್ಟದಲ್ಲಿ ಇಂಥ ದುಬಾರಿ ಚಿತ್ರಕ್ಕೆ ದುಡ್ಡು ಹೇಗೆ ಸಿಕ್ಕಿತು? ಉತ್ತರ ನುಂಗಲು ಸ್ವಲ್ಪ ಕಷ್ಟ: ಯುದ್ಧದಿಂದಲೇ ಸಿಕ್ಕಿತು. 1930ರ ದಶಕದಲ್ಲಿ ಜಪಾನಿನ ಚಿತ್ರಮಂದಿರಗಳಲ್ಲಿ ಮಿಕ್ಕಿ, ಪಪಾಯ್, ಬೆಟ್ಟಿ ಬೂಪ್‌ಗಳದ್ದೇ ಆರ್ಭಟ. ಅಮೆರಿಕದ ಕಾರ್ಟೂನುಗಳು ಹಾಕಿದ ದುಡ್ಡನ್ನು ತಮ್ಮ ದೇಶದಲ್ಲೇ ವಾಪಸ್ ಪಡೆದು ಬರುತ್ತಿದ್ದವು, ಹಾಗಾಗಿ ಕಡಿಮೆ ಬೆಲೆಗೆ ಮಾರಿದರೂ ಲಾಭವೇ. ಸ್ಥಳೀಯ ಸ್ಟುಡಿಯೋಗಳು ಅವುಗಳ ಮುಂದೆ ನಿಲ್ಲುವುದು ಸಾಧ್ಯವೇ ಇರಲಿಲ್ಲ. 1941ರ ಡಿಸೆಂಬರ್‌ನಲ್ಲಿ ಅಮೆರಿಕದ ಜೊತೆ ಯುದ್ಧ ಶುರುವಾಗುತ್ತಿದ್ದಂತೆ ಆ ಚಿತ್ರಗಳು ನಿಂತುಹೋದವು. ಇನ್ನೊಂದು ಕಡೆ ಸರ್ಕಾರಕ್ಕೆ ಮಕ್ಕಳ ಮನಸ್ಸು ಬೇಕಿತ್ತು. ನೌಕಾಪಡೆ ದುಡ್ಡು ಕೊಟ್ಟು ಅನಿಮೇಶನ್ ಮಾಡಿಸಿತು. ಶೋಚಿಕುನಂಥ ದೊಡ್ಡ ಕಂಪನಿ ಅನಿಮೇಶನ್‌ಗೆ ಅಂತಲೇ ಒಂದು ವಿಭಾಗ ತೆರೆದು ಮಾಸಾವೊಕಾರನ್ನು ಕರೆದುಕೊಂಡಿತು. ಅಷ್ಟು ವರ್ಷ ಸಾಲಸೋಲ ಮಾಡಿ ಚಿತ್ರ ಮಾಡುತ್ತಿದ್ದವರಿಗೆ ಮೊದಲ ಸಲ ಸರಿಯಾದ ಸ್ಟುಡಿಯೋ, ಜನ, ಸಮಯ ಸಿಕ್ಕಿದ್ದು ಹೀಗೆ.

ಆ ಸೌಲಭ್ಯದಲ್ಲಿ ಉಳಿದವರು ಏನು ಮಾಡಿದರು ಅಂತ ನೋಡಿದರೆ ಮಾಸಾವೊಕಾರ ಆಯ್ಕೆ ಎಂಥದ್ದು ಎಂದು ಗೊತ್ತಾಗುತ್ತದೆ. ಅವರ ಕೈಕೆಳಗೆ ಕಲಿತ ಮಿತ್ಸುಯೊ ಸೆವೊ ಒಳ್ಳೇ ಪ್ರತಿಭಾವಂತರು. 1941ರಲ್ಲಿ 'ಆರಿ-ಚಾನ್' ಎಂಬ ಇರುವೆಯ ಕಥೆ ಮಾಡಿದರು. ಅದಕ್ಕಾಗಿ ತಾದಾಹಿತೊ ಮೊಚಿನಾಗಾ ಎಂಬುವರು ಗಾಜಿನ ಹಲಗೆಗಳನ್ನು ಒಂದರ ಮೇಲೊಂದು ಅಂತರ ಬಿಟ್ಟು ಜೋಡಿಸಿದ, ಚಿತ್ರಕ್ಕೆ ಆಳ ಕೊಡುವ ಕ್ಯಾಮೆರಾ ಸ್ಟ್ಯಾಂಡ್ ಕಟ್ಟಿದ್ದರು. ಅದೇ ಸೆವೊ 1943ರ ಮಾರ್ಚ್‌ನಲ್ಲಿ, ಅಂದರೆ ಜೇಡನ ಚಿತ್ರಕ್ಕಿಂತ ಒಂದು ತಿಂಗಳು ಮುಂಚೆ, ನೌಕಾಪಡೆಗಾಗಿ 'ಮೊಮೊತಾರೊನ ಸಮುದ್ರ ಹದ್ದುಗಳು' ತಂದರು. 37 ನಿಮಿಷದ ಆ ಚಿತ್ರದಲ್ಲಿ ಜನಪದ ಕಥೆಯ ಪೀಚ್ ಹಣ್ಣಿನ ಹುಡುಗ ಮೊಮೊತಾರೊ ಸೇನಾಪತಿ. ನಾಯಿ, ಕೋತಿ, ಹಕ್ಕಿಗಳು ಅವನ ಸೈನಿಕರು. ರಾಕ್ಷಸರ ದ್ವೀಪ ಎಂದರೆ ಪರ್ಲ್ ಹಾರ್ಬರ್. ಮುದ್ದು ಮುದ್ದಾದ ಪ್ರಾಣಿಗಳು ನಗುನಗುತ್ತಾ ಬಾಂಬು ಹಾಕುತ್ತವೆ. ಮಕ್ಕಳು ಮುಗಿಬಿದ್ದು ನೋಡಿದರು.

ಒಂದೇ ವರ್ಷ, ಒಂದೇ ಗರಡಿಯಲ್ಲಿ ಪಳಗಿದ ಇಬ್ಬರು, ಎರಡರಲ್ಲೂ ಪ್ರಾಣಿಗಳು. ಒಂದು ಪಕ್ಕಾ ಪ್ರಚಾರ ಚಿತ್ರ. ಇನ್ನೊಂದರಲ್ಲಿ ಶತ್ರುವನ್ನು ಸೋಲಿಸಲು ಯಾರೂ ಬರುವುದೇ ಇಲ್ಲ. ಹೂವು ಬಾಗಿಲು ಹಾಕಿಕೊಳ್ಳುತ್ತದೆ, ಮಳೆ ಬರುತ್ತದೆ, ಅಷ್ಟೇ.

ಹಾಗಾದರೆ ಇದು ಯುದ್ಧದಿಂದ ಪೂರ್ತಿ ದೂರ ನಿಂತ ಶುದ್ಧ ಚಿತ್ರವೇ? ಹಾಗೆ ಹೇಳಿಬಿಡುವುದು ಸುಲಭ, ಆದರೆ ಜೇಡನ ಮುಖ ಅದಕ್ಕೆ ಬಿಡುವುದಿಲ್ಲ. ಕಪ್ಪು ಮುಖ, ದಪ್ಪ ತುಟಿ, ಹುಲ್ಲಿನ ಹ್ಯಾಟು. ಅಮೆರಿಕದಲ್ಲಿ ಬಿಳಿಯರು ಮುಖಕ್ಕೆ ಮಸಿ ಬಳಿದುಕೊಂಡು ಕರಿಯರನ್ನು ಅಣಕಿಸುತ್ತಿದ್ದ ರಂಗಪ್ರದರ್ಶನಗಳ ವೇಷ ಅದು. ಹಾಲಿವುಡ್ ಸಿನಿಮಾಗಳು, ಕಾರ್ಟೂನುಗಳು ಅದನ್ನು ಜಗತ್ತಿಗೆಲ್ಲ ಹಂಚಿದ್ದವು. ಅದರ ಎದುರಿಗೆ ಬೆಳ್ಳಗಿನ ಮುಖದ ಹುಡುಗಿ. ಇದಕ್ಕೆ ವಿಮರ್ಶಕರು ಬೇರೆ ಬೇರೆ ಅರ್ಥ ಹಚ್ಚುತ್ತಾರೆ. ಜೇಡ ಎಂದರೆ ಸವಿಮಾತಿನ ಪಾಶ್ಚಾತ್ಯ, ಅವನಿಂದ ತಪ್ಪಿಸಿಕೊಳ್ಳುವ ಹುಡುಗಿ ಜಪಾನ್, ಹಾಗಾಗಿ ಇದೂ ಒಳಗೊಳಗೇ ಯುದ್ಧದ ಚಿತ್ರವೇ ಎನ್ನುವವರಿದ್ದಾರೆ. ಜಪಾನ್ ಆಗಷ್ಟೇ ಆಕ್ರಮಿಸಿದ್ದ ದಕ್ಷಿಣದ ದೇಶಗಳ ಜನರನ್ನು ಆ ಮುಖ ಸೂಚಿಸುತ್ತದೆ ಎನ್ನುವವರೂ ಇದ್ದಾರೆ. ಹಾಲಿವುಡ್ಡಿನಿಂದ ಎರವಲು ತಂದ ಖಳನ ವೇಷ, ಅದಕ್ಕಿಂತ ಜಾಸ್ತಿ ಏನಿಲ್ಲ ಎಂಬುದು ಇನ್ನೊಂದು ವಾದ.

ನನಗೆ ಅನ್ನಿಸುವುದು ಇಷ್ಟು. ವೇಷ ಎರವಲು ತಂದದ್ದೇ ಇರಬಹುದು, ಆದರೆ ಅದರ ಹಿಂದಿನ ಅವಮಾನವೂ ಜೊತೆಗೇ ಬಂತು. ಅದನ್ನು 'ಆ ಕಾಲ ಹಾಗಿತ್ತು' ಅಂತ ತೇಲಿಸಬಾರದು. ಅದೇ ವೇಳೆ, ಹುಡುಗಿ ಜಪಾನ್, ಜೇಡ ಅಮೆರಿಕ, ಬಿರುಗಾಳಿ ದೈವಸಹಾಯ ಅಂತ ಪಟ್ಟಿ ಮಾಡಿ ಓದಿದರೆ ಚಿತ್ರದ ಎರಡನೇ ಅರ್ಧಕ್ಕೆ ಅನ್ಯಾಯ ಆಗುತ್ತದೆ. ಪ್ರಚಾರ ಚಿತ್ರ ಶತ್ರುವಿನ ಸೋಲನ್ನು ಬೇಗ ಮುಗಿಸಿ ಗೆದ್ದವರ ನಗುವಿಗೆ ಓಡುತ್ತದೆ. ಇಲ್ಲಿ ಹಾಗಾಗುವುದಿಲ್ಲ. ಬಿರುಗಾಳಿಯಲ್ಲಿ ನಾವು ಇರುವುದು ಜೇಡನ ಜೊತೆ. ಹುಡುಗಿ ಹೂವಿನೊಳಗೆ ಬೆಚ್ಚಗಿದ್ದಾಳೆ, ಹೊರಗೆ ಒದ್ದಾಡುತ್ತಿರುವವನು ಅವನು. ಅವನ ಒಂದೊಂದು ಹಿಡಿತವನ್ನೂ, ಒಂದೊಂದು ಜಾರುವಿಕೆಯನ್ನೂ ಮಾಸಾವೊಕಾ ಅಷ್ಟು ಹೊತ್ತು, ಅಷ್ಟು ಶ್ರದ್ಧೆಯಿಂದ ಬಿಡಿಸುತ್ತಾರೆ. ನೋಡ್ತಾ ನೋಡ್ತಾ ಅವನು ಬದುಕಿಕೊಳ್ಳಲಿ ಅನ್ನಿಸುತ್ತದೆ. ಆ ಭಾವನೆ ಕಥೆಯಲ್ಲಿ ಬರೆದದ್ದಲ್ಲ, ರೇಖೆಗಳ ಚಲನೆಯಿಂದಲೇ ಹುಟ್ಟಿದ್ದು.

ಡಿಸ್ನಿಯ 1937ರ 'ದಿ ಓಲ್ಡ್ ಮಿಲ್' ನೋಡಿದವರಿಗೆ ಅದು ಇಲ್ಲಿ ನೆನಪಾಗದೆ ಇರದು. ಅದರಲ್ಲೂ ಪುಟ್ಟ ಪ್ರಾಣಿಗಳು, ಒಂದು ರಾತ್ರಿ, ಒಂದು ಬಿರುಗಾಳಿ. ತಂತ್ರದಲ್ಲಿ ಡಿಸ್ನಿ ಮುಂದೆಯೇ ಇತ್ತು, ಅದಕ್ಕೆ ಬಣ್ಣವೂ ಇತ್ತು. ಆದರೆ ಬಣ್ಣವಿಲ್ಲದ್ದು ಮಾಸಾವೊಕಾರಿಗೆ ಅನುಕೂಲವೇ ಆಯಿತು ಅಂತ ನನ್ನ ಲೆಕ್ಕ. ಒದ್ದೆ ಎಲೆ, ಹೊಳೆಯುವ ನೂಲು, ಕತ್ತಲ ನೀರು ಇವೆಲ್ಲ ಬೂದು ಬಣ್ಣದ ಹತ್ತಾರು ಛಾಯೆಗಳಲ್ಲೇ ಚೆನ್ನಾಗಿ ಕಾಣುತ್ತವೆ. ಇನ್ನು ಸಂಗೀತ ರ್ಯೂತಾರೊ ಹಿರೋತಾ ಅವರದ್ದು. ಅವರ ಮಕ್ಕಳ ಹಾಡುಗಳನ್ನು ಜಪಾನಿನಲ್ಲಿ ಇಂದಿಗೂ ಹಾಡುತ್ತಾರೆ. ಚಿತ್ರದ ಮೊದಲರ್ಧ ಪೂರ್ತಿ ಹಾಡಿನ ಮೇಲೆ ನಡೆಯುತ್ತದೆ, ಹುಡುಗಿಯ ಹೆಜ್ಜೆ ಕೂಡ ತಾಳಕ್ಕೇ ಬೀಳುತ್ತದೆ.

ಮುಂದಿನ ಕಥೆ ಬೇಗ ಹೇಳಿಬಿಡುತ್ತೇನೆ. ಸೆವೊ ಶೋಚಿಕುಗಾಗಿ ಇನ್ನೊಂದು ಮೊಮೊತಾರೊ ಚಿತ್ರ ಮಾಡಿದರು. 74 ನಿಮಿಷದ ಅದು 1945ರ ಏಪ್ರಿಲ್‌ನಲ್ಲಿ ಬಂತು. ಅದರ ನೆರಳು-ಚಿತ್ರದ ಭಾಗ ಮಾಸಾವೊಕಾರದ್ದು, ಅಂದರೆ ಅವರೂ ಯುದ್ಧದ ಚಿತ್ರದಿಂದ ಪೂರ್ತಿ ಹೊರಗುಳಿಯಲಿಲ್ಲ. ಬಾಂಬ್ ದಾಳಿಗೆ ಸಿಕ್ಕ ಒಸಾಕಾದಲ್ಲಿ ಆ ಚಿತ್ರ ನೋಡಿ ಕಣ್ಣೀರಿಟ್ಟ ಹದಿಹರೆಯದ ಹುಡುಗನೇ ಮುಂದೆ 'ಆಸ್ಟ್ರೋ ಬಾಯ್' ಎಂಬ ಹೆಸರಾಂತ ಕಾಮಿಕ್ಸ್ ಸೃಷ್ಟಿಸಿದ ಒಸಾಮು ತೆಜುಕಾ. ಯುದ್ಧ ಮುಗಿದ ಮೇಲೆ ಮಾಸಾವೊಕಾ 1946ರಲ್ಲಿ 'ಸಾಕುರಾ' ಮಾಡಿದರು. ಜರ್ಮನ್ ಸಂಗೀತಕಾರ ವೇಬರ್‌ನ ಸಂಗೀತಕ್ಕೆ ಚಿಟ್ಟೆಗಳು ಕುಣಿಯುವ ಆ ಚಿತ್ರ ಆಗ ಬಿಡುಗಡೆಯೇ ಆಗಲಿಲ್ಲ. 1947ರಲ್ಲಿ ಅನಾಥ ಬೆಕ್ಕಿನ ಮರಿಯೊಂದರ ಕಥೆ ಮಾಡಿದರು. ಆಮೇಲೆ ಕಣ್ಣಿನ ತೊಂದರೆಯಿಂದ ಅನಿಮೇಶನ್ ಬಿಡಬೇಕಾಯಿತು. ತೀರಿಕೊಂಡದ್ದು 1988ರಲ್ಲಿ.

ಆದರೆ ಅಷ್ಟರಲ್ಲಿ ಅವರ ಕೆಲಸ ಮುಂದಿನವರ ಕೈ ಸೇರಿತ್ತು. ಯುದ್ಧದ ಕಾಲದಲ್ಲಿ ಈ ಜೇಡನ ಚಿತ್ರ ನೋಡಿ ಮನಸೋತ ಯಾಸುಜಿ ಮೋರಿ ಎಂಬ ಯುವಕ ಮಾಸಾವೊಕಾರ ಬಳಿ ಕೆಲಸಕ್ಕೆ ಸೇರಿದರು. ಮಾಸಾವೊಕಾ 1948ರಲ್ಲಿ ಗೆಳೆಯರ ಜೊತೆ ಕಟ್ಟಿದ ಸ್ಟುಡಿಯೋವನ್ನು 1956ರಲ್ಲಿ ತೋಯೆಯಿ ಎಂಬ ಸಿನಿಮಾ ಕಂಪನಿ ಕೊಂಡು ತೋಯೆಯಿ ದೋಗಾ ಎಂಬ ಅನಿಮೇಶನ್ ಸ್ಟುಡಿಯೋ ಮಾಡಿತು. ಅಲ್ಲಿ ಹೊಸಬರಿಗೆ ಮೋರಿಯವರೇ ಗುರು. ಆ ಹೊಸಬರಲ್ಲಿ ಮುಂದೆ ಹೆಸರಾಂತ ಅನಿಮೇಶನ್ ನಿರ್ದೇಶಕರಾದ ಇಸಾವೊ ತಾಕಾಹಾತಾ, ಹಾಯಾವೊ ಮಿಯಾಜಾಕಿ ಕೂಡ ಇದ್ದರು. ಮಿಯಾಜಾಕಿಯ ಚಿತ್ರಗಳಲ್ಲಿ ಹುಲ್ಲಿನ ಮೇಲೆ ಗಾಳಿ ಓಡುವುದನ್ನು ನೋಡಿ ಬೆರಗಾದವರು ತುಂಬಾ ಜನ ಇದ್ದೀರಿ. ಆ ಗಾಳಿಗೆ ಹುಟ್ಟೂರು ಅಂತ ಒಂದಿದ್ದರೆ ಅದು ಈ ಹದಿನಾರು ನಿಮಿಷದ ಸುತ್ತಮುತ್ತಲೇ ಎಲ್ಲೋ ಇದೆ ಎಂದು ನಾನು ಧೈರ್ಯವಾಗಿ ಹೇಳುತ್ತೇನೆ.

ಶೋಚಿಕು 2016ರಲ್ಲಿ ಈ ಚಿತ್ರವನ್ನು ಡಿಜಿಟಲ್ ಆಗಿ ಸರಿಪಡಿಸಿ ಡಿಸ್ಕ್ ಮಾಡಿ ತಂದಿದೆ. 1945ರ ಮೊಮೊತಾರೊ ಚಿತ್ರವೂ ಅದೇ ಡಿಸ್ಕ್‌ನಲ್ಲಿದೆ. ಸಿಕ್ಕರೆ ಎರಡನ್ನೂ ನೋಡಿ, ಆದರೆ ಮೊಮೊತಾರೊ ಮೊದಲು ನೋಡಿ. ಅಲ್ಲಿ ಇದೇ ಕೈಗಳು, ಇದೇ ಕುಸುರಿ, ಇದೇ ಮುದ್ದು ಪ್ರಾಣಿಗಳು ಯಾವ ಕೆಲಸಕ್ಕೆ ಬಳಕೆಯಾಗಿವೆ ಎಂಬುದು ತಲೆಯಲ್ಲಿರುವಾಗ ಜೇಡನ ಚಿತ್ರ ಹಾಕಿ. ಗಾಳಿ ಬೀಸಲು ಶುರುವಾದಾಗ ಒಂದು ನಿಮಿಷ ಜೇಡನನ್ನು ಬಿಟ್ಟು ಅವನ ಹಿಂದಿನ ಹುಲ್ಲನ್ನು ಮಾತ್ರ ನೋಡಿ.